ಹೆಗ್ಗಣ ಬಂದದ್ದು ಕೆಳಗಿನಿಂದ

ಕೇಳುಗರೇ, ನಮಸ್ಕಾರ.

ಅಡುಗೆಮನೆಯ ಕಸದಿಂದ ಗೊಬ್ಬರ ಮಾಡಲು ಇಟ್ಟ ನನ್ನ ಮೊದಲ ಡ್ರಮ್ಮಿಗೆ ಬಿಗಿಯಾದ ಮುಚ್ಚಳವಿತ್ತು. ಅದರ ಮೇಲೊಂದು ಕಲ್ಲೂ ಇತ್ತು. ಒಂದು ಬೆಳಿಗ್ಗೆ ನೋಡಿದರೆ ಕಲ್ಲು ಇಟ್ಟಲ್ಲೇ ಇದೆ, ಡ್ರಮ್ಮಿನ ಬುಡದಲ್ಲಿ ಮುಷ್ಟಿಯಷ್ಟು ತೂತು! ಹೆಗ್ಗಣ ಕೆಳಗಿನಿಂದ ಬಂದಿತ್ತು.

ತೂತು ಮುಚ್ಚುವ ಮೊದಲು ನಾನು ಯೋಚಿಸಬೇಕಾಗಿದ್ದು ವಾಸನೆಯ ಬಗ್ಗೆ. ಹೆಗ್ಗಣವಿರಲಿ, ಹಂದಿಯಿರಲಿ, ಕರಡಿಯಿರಲಿ, ಎಲ್ಲವೂ ವಾಸನೆಯ ಜಾಡು ಹಿಡಿದೇ ಬರುತ್ತವೆ. ಹಾಗಾಗಿ ಮಾಂಸ, ಮೀನು, ಮೂಳೆ, ಹಾಲಿನ ಪದಾರ್ಥ, ಎಣ್ಣೆ ಜಿಡ್ಡು ಇವೆಲ್ಲ ರಾಶಿಗೆ ಬೇಡವೇ ಬೇಡ. ಬೇಯಿಸಿ ಮಿಕ್ಕಿದ್ದೂ ಅಷ್ಟೇ. ಹಣ್ಣು ತರಕಾರಿಯ ಸಿಪ್ಪೆ, ಸೊಪ್ಪಿನ ಕಡ್ಡಿ ಸಾಕು.

ಅದನ್ನೂ ಸುಮ್ನೆ ಮೇಲೆ ಸುರಿದು ಬರಬೇಡಿ. ರಾಶಿಯ ನಡುವೆ ಒಂದು ಗೇಣು ಆಳ ತೋಡಿ, ಸಿಪ್ಪೆ ಹಾಕಿ, ಹಳೇ ಗೊಬ್ಬರ ಎಳೆದು, ಮೇಲೆ ತರಗೆಲೆ ಮುಚ್ಚಿ. ಒಂದು ಬುಟ್ಟಿ ಹಸಿಗೆ 2-3 ಬುಟ್ಟಿ ಒಣದ್ದು ಬೇಕು. ಜಾಸ್ತಿ ಆಯಿತು ಅನಿಸುತ್ತದೆ, ಅಲ್ವಾ? ಒಣದ್ದು ಕಡಿಮೆಯಾದರೆ ಹಸಿಯದೆಲ್ಲ ಮುದ್ದೆಗಟ್ಟಿ, ಗಾಳಿಯಾಡದೆ, ಕೊಳೆತ ಮೊಟ್ಟೆಯ ನಾತ ಹೊಡೆಯುತ್ತದೆ. ಒಂದು ಹಿಡಿ ತೆಗೆದು ಹಿಂಡಿ ನೋಡಿ. ಬೆರಳ ಸಂದಿಯಲ್ಲಿ ಒಂದೆರಡು ಹನಿ ಜಿನುಗಿದರೆ ಹದ ಸರಿಯಿದೆ. ನೀರು ಧಾರೆಯಾಗಿ ಇಳಿದರೆ ಇನ್ನಷ್ಟು ಎಲೆ ಹಾಕಿ.

ಹಾಗಂತ ತೀರಾ ಒಣಗಲೂ ಬಿಡಬಾರದು. ಒಣಗಿದ, ಬೆಚ್ಚಗಿನ, ಯಾರೂ ಮುಟ್ಟದ ರಾಶಿ ಇಲಿಗೆ ಹೆರಿಗೆ ಮನೆ. ವಾರಕ್ಕೊಮ್ಮೆ ಮಗುಚಿ. ಉದ್ದ, ಅಗಲ, ಎತ್ತರ ಒಂದೊಂದು ಮೀಟರ್ ಇರುವ ರಾಶಿ ಚೆನ್ನಾಗಿ ಕಾವು ಹಿಡಿದರೆ ಒಳಗೆ 55 ಡಿಗ್ರಿ ಸೆಲ್ಸಿಯಸ್ ದಾಟುತ್ತದೆ. ಆ ಬಿಸಿಯಲ್ಲಿ ಇಲಿ ಗೂಡು ಕಟ್ಟುವುದಿಲ್ಲ. ಚಿಕ್ಕ ಡ್ರಮ್ಮಿನಲ್ಲಿ ಅಷ್ಟು ಕಾವು ಬರುವುದು ಕಷ್ಟ, ಅದಕ್ಕೇ ಜಾಲರಿ ಬೇಕು.

ಕೋಳಿ ಗೂಡಿಗೆ ಹಾಕುವ ತೆಳು ಬಲೆ ಸಾಲದು. 6 ಮಿಲಿಮೀಟರ್ ಕಣ್ಣಿನ ಗಟ್ಟಿ ತಂತಿಯ ಜಾಲರಿ ತಂದು ಬುಡಕ್ಕೆ ಹಾಕಿ, ಗಾಳಿಯ ತೂತುಗಳಿಗೂ ಹೊಲಿಯಿರಿ. ನೀರು ಇಳಿಯುತ್ತದೆ, ಎರೆಹುಳು ಓಡಾಡುತ್ತದೆ, ಇಲಿ ನುಸುಳುವುದಿಲ್ಲ.

ಕರಡಿ ಓಡಾಡುವ ಜಾಗದಲ್ಲಿ ಮಾತ್ರ ಇದ್ಯಾವುದನ್ನೂ ನಂಬಬೇಡಿ. ಅಲ್ಲಿ ಅಡುಗೆಮನೆಯ ಕಸ ಹೊರಗಿಡುವುದೇ ತಪ್ಪು. ಮನೆಯೊಳಗೆ ಎರೆಹುಳುವಿನ ಡಬ್ಬ ಇಟ್ಟುಕೊಳ್ಳಿ.

ನನ್ನ ಡ್ರಮ್ಮಿಗೆ ಜಾಲರಿ ಹಾಕಿದ ಮೂರನೇ ದಿನ ಬುಡದ ಸುತ್ತ ಮಣ್ಣು ಕೆದಕಿದ ಗುರುತಿತ್ತು. ಹೆಗ್ಗಣ ಜಾಲರಿಯ ಅಂಚಿನವರೆಗೂ ಬಂದು, ಹಾಗೇ ವಾಪಸ್ ಹೋಗಿತ್ತು.

ನಮಸ್ಕಾರ.