ರಾತ್ರಿ ಆಟೋ ಬಾಡಿಗೆ, ಸಂಪಿನ ನೀರು, ಮೊಳ ಮಲ್ಲಿಗೆ: ಭಿನ್ನರಾಶಿ ಲೆಕ್ಕ ಬಿಡಿಸೋದು ಹೇಗೆ?

(ಪರದೆ ಮೇಲೆ: ಆಟೋ ಮೀಟರ್, ₹135)

ನಮಸ್ಕಾರ. ರಾತ್ರಿ ಹನ್ನೊಂದು ಗಂಟೆಗೆ ಮೆಜೆಸ್ಟಿಕ್‌ನಲ್ಲಿ ಬಸ್ ಇಳಿದು ಆಟೋ ಹತ್ತಿದ್ರಿ. ಮನೆ ಮುಂದೆ ಇಳಿದು 135 ರೂಪಾಯಿ ಕೊಟ್ರಿ. ಬೆಂಗಳೂರಲ್ಲಿ ರಾತ್ರಿ 10ರಿಂದ ಬೆಳಗಿನ ಜಾವ 5ರವರೆಗೆ ಮೀಟರ್ ಮೇಲೆ ಅರ್ಧ ಜಾಸ್ತಿ, ಅಂದ್ರೆ ಒಂದೂವರೆ ಪಟ್ಟು. ಹಾಗಾದ್ರೆ ಅದೇ ದಾರಿಗೆ ಹಗಲಲ್ಲಿ ಎಷ್ಟಾಗ್ತಿತ್ತು?

ಮಕ್ಕಳಷ್ಟೇ ಅಲ್ಲ, ದೊಡ್ಡವರೂ ಥಟ್ ಅಂತ 135ರಲ್ಲಿ ಅರ್ಧ ಕಳೆದುಬಿಡ್ತಾರೆ. ಅರವತ್ತೇಳೂವರೆ. ತಾಳೆ ಹಾಕಿ ನೋಡಿ: ಅರವತ್ತೇಳೂವರೆಗೆ ಅದರದ್ದೇ ಅರ್ಧ ಸೇರಿಸಿದ್ರೆ 101 ರೂಪಾಯಿ ಚಿಲ್ಲರೆ ಆಗುತ್ತೆ. 135 ಬರಲ್ಲ. ಯಾಕಂದ್ರೆ ಮೀಟರ್ ಮೇಲೆ ಸೇರಿದ್ದು ಹಗಲಿನ ಬಾಡಿಗೆಯ ಅರ್ಧ, ನಾವು ಕಳೆದಿದ್ದು ರಾತ್ರಿ ಬಾಡಿಗೆಯ ಅರ್ಧ.

(ಪರದೆ ಮೇಲೆ: ಸಾಲಾಗಿ ಮೂರು ಚೌಕ)

ಹಗಲಿನ ಬಾಡಿಗೆಗೆ ಎರಡು ಚೌಕ ಬರ್ಕೊಳ್ಳಿ. ರಾತ್ರಿ ಸೇರೋ ಅರ್ಧಕ್ಕೆ ಇನ್ನೊಂದು. ಮೂರೂ ಸೇರಿ 135, ಒಂದೊಂದು ಚೌಕ 45, ಹಗಲಿಗೆ 90 ರೂಪಾಯಿ. 2025ರ ಆಗಸ್ಟ್‌ನಲ್ಲಿ ಜಾರಿಗೆ ಬಂದ ದರದ ಪ್ರಕಾರ ಮೊದಲ 2 ಕಿಲೋಮೀಟರಿಗೆ 36, ಆಮೇಲೆ ಕಿಲೋಮೀಟರಿಗೆ 18. ಅಲ್ಲಿಗೆ ನಿಮ್ಮ ದಾರಿ 5 ಕಿಲೋಮೀಟರ್. ಹಗಲಿನ ಬಾಡಿಗೆಗೆ ಅರ್ಧವಾಗಿದ್ದ ಆ 45 ರೂಪಾಯಿ, ರಾತ್ರಿ ಕೊಟ್ಟ ದುಡ್ಡಲ್ಲಿ ಮೂರನೇ ಒಂದು ಭಾಗ!

ಅಂಶ, ಛೇದ, ಲ.ಸಾ.ಅ. ಎಲ್ಲಾ ಆಮೇಲೆ ಬರಲಿ. ಮಕ್ಕಳಿಗೆ ಮೊದಲು ರೂಢಿ ಮಾಡಿಸಬೇಕಾದ ಪ್ರಶ್ನೆ ಇದು: ಯಾವುದರ ಅರ್ಧ? ಯಾವುದರ ಕಾಲು?

ಸಂಪಿನ ಲೆಕ್ಕಕ್ಕೆ ಬನ್ನಿ. ಸಂಪಲ್ಲಿ ಕಾಲು ಭಾಗ ನೀರಿತ್ತು. 6,000 ಲೀಟರ್ ಟ್ಯಾಂಕರ್ ಹಾಕಿಸಿದ್ಮೇಲೆ ಮುಕ್ಕಾಲು ಭಾಗಕ್ಕೆ ಬಂತು. ಎರಡೂ ಒಂದೇ ಸಂಪಿನ ಭಾಗ, ಹಾಗಾಗಿ ನೇರವಾಗಿ ಕಳೀಬಹುದು. ಮುಕ್ಕಾಲಲ್ಲಿ ಕಾಲು ಹೋದ್ರೆ ಅರ್ಧ. ಅರ್ಧ ಸಂಪು 6,000 ಆದ್ರೆ ಪೂರ್ತಿ 12,000 ಲೀಟರ್.

ಈಗ ಒಳಗಿರೋದು 9,000. ಬೆಳಿಗ್ಗೆ ಅದರಲ್ಲಿ 1/3 ಖರ್ಚಾಯ್ತು. ಸಂಜೆಯೊಳಗೆ ಉಳಿದಿದ್ದರಲ್ಲಿ 1/2 ಹೋಯ್ತು. ಎರಡನ್ನೂ ಕೂಡಿಸಿ 5/6 ಅಂತ ಮಾಡಿದ್ರೆ 1,500 ಲೀಟರ್ ಉಳಿಯುತ್ತೆ ಅಂತ ಬರುತ್ತೆ, ಅದು ತಪ್ಪು. ಬೆಳಿಗ್ಗೆ 3,000 ಹೋಗಿ 6,000 ಉಳೀತು. ಸಂಜೆ ಅದರಲ್ಲಿ ಅರ್ಧ ಹೋಗಿ 3,000. ಪರೀಕ್ಷೆಯಲ್ಲಿ ‘ಉಳಿದಿದ್ದರಲ್ಲಿ’ ಅಂತ ಕಂಡ ತಕ್ಷಣ ಅದರ ಕೆಳಗೊಂದು ಗೆರೆ ಎಳೀರಿ.

(ಪರದೆ ಮೇಲೆ: ಗಾಂಧಿ ಬಜಾರಿನ ಹೂವಿನ ಸಾಲು)

ಇನ್ನು ಭಾಗಾಕಾರ. ಹಬ್ಬಕ್ಕೆ ನಾಲ್ಕೂವರೆ ಮೊಳ ಮಲ್ಲಿಗೆ ತಂದಿದ್ದೀರಿ. ಅರಿಶಿನ ಕುಂಕುಮಕ್ಕೆ ಬಂದವರಿಗೆ ತಲಾ ಮುಕ್ಕಾಲು ಮೊಳ ಕೊಟ್ರೆ ಎಷ್ಟು ಜನಕ್ಕಾಗುತ್ತೆ? ಎಲ್ಲವನ್ನೂ ಕಾಲು ಮೊಳಕ್ಕೆ ಇಳಿಸಿ. ನಾಲ್ಕೂವರೆ ಅಂದ್ರೆ 18 ಕಾಲು, ಮುಕ್ಕಾಲು ಅಂದ್ರೆ 3 ಕಾಲು. 18ನ್ನು 3ರಿಂದ ಭಾಗಿಸಿದ್ರೆ 6 ಜನ. ಭಾಜಕವನ್ನ ತಲೆಕೆಳಗೆ ಮಾಡಿ ಗುಣಿಸಿದ್ರೂ ಅಷ್ಟೇ: 9/2 × 4/3 = 6. ಈ ತಲೆಕೆಳಗೆ ಮಾಡೋ ನಿಯಮವನ್ನ ಒಂಬತ್ತನೇ ಶತಮಾನದಲ್ಲೇ, ಅಮೋಘವರ್ಷ ನೃಪತುಂಗನ ಕಾಲದಲ್ಲಿ ಮಹಾವೀರಾಚಾರ್ಯರು ಬರೆದಿಟ್ಟಿದ್ದಾರೆ. ನಮ್ಮ ನಾಡಿನ ಮಕ್ಕಳಿಗೆ ಆ ಹೆಸರು ಗೊತ್ತಿರಲೇಬೇಕು.

ಮಲ್ಲಿಗೆ 5 ಮೊಳ ಇದ್ರೆ? 20 ಕಾಲು, ಭಾಗಿಸು 3. ಉತ್ತರ 6 ಪೂರ್ಣಾಂಕ 2/3. ಆರು ಜನಕ್ಕೆ ಕೊಟ್ಟಾಯ್ತು. ಬುಟ್ಟಿಯಲ್ಲಿ ಉಳಿದಿದ್ದು 2/3 ಮೊಳ ಅಂತ ಬರೀಬೇಡಿ. ಅದು ಒಬ್ಬರ ಪಾಲಿನ 2/3. ಒಬ್ಬರ ಪಾಲು ಮುಕ್ಕಾಲು ಮೊಳ, ಅದರಲ್ಲಿ ಮೂರನೇ ಎರಡು ಅಂದ್ರೆ ಅರ್ಧ ಮೊಳ.