ಸಿಡಿಮದ್ದು ಮಾರಿದ ದ್ವೀಪ: ಸಿಂಟ್ ಯುಸ್ಟೇಷಿಯಸ್

(ಪರದೆಯಲ್ಲಿ ಕೆರಿಬಿಯನ್ ನಕ್ಷೆ, ನಿಧಾನಕ್ಕೆ ಜೂಮ್)

ಈ ಚುಕ್ಕೆ ಕಾಣ್ತಿದೆಯಾ? ಸಿಂಟ್ ಯುಸ್ಟೇಷಿಯಸ್. ಸುಮಾರು 21 ಚದರ ಕಿಲೋಮೀಟರ್, ಅಷ್ಟೇ. ನದಿ ಇಲ್ಲ, ಕುಡಿಯೋ ನೀರಿಗೂ ಮಳೆಯನ್ನೇ ನಂಬಬೇಕಿತ್ತು. ಆದರೂ 18ನೇ ಶತಮಾನದಲ್ಲಿ ಜನ ಇದನ್ನ ಕರೀತಿದ್ದದ್ದು 'ಚಿನ್ನದ ಬಂಡೆ' ಅಂತ.

ದ್ವೀಪ ಡಚ್ಚರದ್ದು. 1756ರಲ್ಲಿ ಅವರು ಇಲ್ಲಿ ಸುಂಕ ತೆಗೆದುಬಿಟ್ಟರು. ಆಗ ಬ್ರಿಟನ್, ಫ್ರಾನ್ಸ್ ಕಾದಾಡುತ್ತಿದ್ದರೂ ಡಚ್ಚರು ತಟಸ್ಥರು. ಎದುರಾಳಿ ದೇಶಗಳ ವ್ಯಾಪಾರಿಗಳು ಇಲ್ಲಿ ಅಕ್ಕಪಕ್ಕ ನಿಂತು ಚೌಕಾಸಿ ಮಾಡ್ತಿದ್ದರು.

(ದ್ವೀಪದ ಊರು ಒರಾನ್ಯೆಸ್ಟಾಡ್, ಅದರ ದಡದ ಹಳೇ ಗೋದಾಮುಗಳ ಅವಶೇಷ)

1775ರಲ್ಲಿ ಇಲ್ಲಿಗೆ ಬಂದ ಸ್ಕಾಟ್ಲೆಂಡಿನ ಹೆಂಗಸೊಬ್ಬಳು ಬರೆದಿಟ್ಟಿದ್ದಾಳೆ: ಕಸೂತಿ ಹಾಕಿದ ರೇಷ್ಮೆ ತೂಗುಹಾಕಿದ ಅಂಗಡಿಯಲ್ಲೇ ನಾವಿಕರ ಚಲ್ಲಣ, ಕಬ್ಬಿಣದ ಪಾತ್ರೆ, ಸಲಿಕೆ. ಇಂಗ್ಲೆಂಡಿನ ಕಾಲುಚೀಲ ಅವಳೂರಿಗಿಂತ ಇಲ್ಲೇ ಅಗ್ಗವಂತೆ! ಇದೇ ದಡದಲ್ಲಿ ಆಫ್ರಿಕಾದಿಂದ ಹಿಡಿದು ತಂದ ಮನುಷ್ಯರನ್ನೂ ಮಾರುತ್ತಿದ್ದರು, ಅದನ್ನು ಬಿಟ್ಟು ಈ ಸಿರಿವಂತಿಕೆಯ ಕಥೆ ಹೇಳೋಕಾಗಲ್ಲ.

ಅಷ್ಟರಲ್ಲಿ ಅಮೆರಿಕದ ವಸಾಹತುಗಳು ಬ್ರಿಟನ್ ವಿರುದ್ಧ ತಿರುಗಿಬಿದ್ದವು. ಅವರಿಗೆ ಬೇಕಿದ್ದದ್ದು ಸಿಡಿಮದ್ದು. ಚಹಾ ಪೆಟ್ಟಿಗೆ, ಅಕ್ಕಿ ಪೀಪಾಯಿಗಳಲ್ಲಿ ಅಡಗಿ ಅದು ಹಾಲೆಂಡಿನಿಂದ ಇಲ್ಲಿಗೆ ಬರುತ್ತಿತ್ತು. ಬದಲಿಗೆ ಅಮೆರಿಕದಿಂದ ತಂಬಾಕು, ಬಟ್ಟೆಗೆ ಹಾಕೋ ನೀಲಿ ಬಣ್ಣ (ಇಂಡಿಗೊ). 1776ರ ನವೆಂಬರ್ 16ರಂದು ಅಮೆರಿಕದ 'ಆಂಡ್ರ್ಯೂ ಡೋರಿಯಾ' ಹಡಗು ತೋಪು ಹಾರಿಸಿ ವಂದಿಸಿದಾಗ, ಗವರ್ನರ್ ಯೊಹಾನೆಸ್ ಡ ಗ್ರಾಫ್ ಕೋಟೆಯಿಂದ ಮರುವಂದನೆ ಕೊಡಿಸಿದ. ಬಂಡೆದ್ದವರ ಹಡಗಿಗೆ ಸ್ವತಂತ್ರ ದೇಶಕ್ಕೆ ಸಿಗೋ ಮರ್ಯಾದೆ ಸಿಕ್ಕಿತಲ್ಲ, ಬ್ರಿಟಿಷರಿಗೆ ಮೈಯೆಲ್ಲ ಉರಿದುಹೋಯಿತು.

1780ರ ಕೊನೆಗೆ ಬ್ರಿಟನ್ ಡಚ್ಚರ ಮೇಲೂ ಯುದ್ಧ ಸಾರಿತು. ಸುದ್ದಿ ದ್ವೀಪಕ್ಕೆ ಮುಟ್ಟುವ ಮೊದಲೇ, 1781ರ ಫೆಬ್ರವರಿ 3ರಂದು, ಅಡ್ಮಿರಲ್ ಜಾರ್ಜ್ ರಾಡ್ನಿಯ ನೌಕಾಪಡೆ ಬಂದಿಳಿಯಿತು. ಬಂದರಿನಲ್ಲಿದ್ದ ನೂರಕ್ಕೂ ಹೆಚ್ಚು ಹಡಗು ಅವನ ವಶ. ಆಮೇಲೆ ಡಚ್ ಬಾವುಟವನ್ನು ಇಳಿಸದೆ ಹಾಗೇ ಬಿಟ್ಟ. ಏನೂ ತಿಳಿಯದೆ ಒಳಬಂದ ಹಡಗುಗಳೂ ಸಿಕ್ಕಿಬಿದ್ದವು. ಯಹೂದಿ ಗಂಡಸರನ್ನು ಒಟ್ಟುಗೂಡಿಸಿ, ಬಟ್ಟೆಯ ಹೊಲಿಗೆ ಬಿಚ್ಚಿ ಹಣ ಹುಡುಕಿಸಿದ. ಅವರಲ್ಲಿ 30 ಜನರನ್ನು, ಹೆಂಡತಿ ಮಕ್ಕಳಿಗೆ ಹೇಳಲೂ ಬಿಡದೆ, ದ್ವೀಪದಿಂದಾಚೆ ಸಾಗಿಸಿದ.

ನನ್ನ ಲೆಕ್ಕದಲ್ಲಿ ದ್ವೀಪ ಅಮೆರಿಕಕ್ಕೆ ಮಾಡಿದ ದೊಡ್ಡ ಉಪಕಾರ ಸಿಡಿಮದ್ದಲ್ಲ, ರಾಡ್ನಿಗೆ ಹಿಡಿಸಿದ ಈ ದುರಾಸೆ. ಸಾಲದಲ್ಲಿ ಮುಳುಗಿದ್ದ ಆಸಾಮಿ ತಿಂಗಳುಗಟ್ಟಲೆ ಹರಾಜು ಹಾಕಿಸುತ್ತಾ ಕೂತ. ಅವನು ಖುದ್ದಾಗಿ ತಡೆಯಲು ಹೋಗದೆ ಇದ್ದಾಗ, ಅತ್ತ ಅಮೆರಿಕದ ಪರ ನಿಂತಿದ್ದ ಅಡ್ಮಿರಲ್ ಡ ಗ್ರಾಸ್‌ನ ಫ್ರೆಂಚ್ ನೌಕಾಪಡೆ ಕೆರಿಬಿಯನ್ ತಲುಪಿತು. ಅಕ್ಟೋಬರಿನಲ್ಲಿ ನಡೆದ ನಿರ್ಣಾಯಕ ಕದನದಲ್ಲಿ, ಅಮೆರಿಕದ ಯಾರ್ಕ್‌ಟೌನ್‌ನಲ್ಲಿ ಬ್ರಿಟಿಷರು ಸೋಲಲು ಅದೇ ಪಡೆ ಸಮುದ್ರದ ದಾರಿ ಮುಚ್ಚಿತ್ತು.

ಲೂಟಿ? ಇಂಗ್ಲೆಂಡಿಗೆ ಹೊರಟ ಹಡಗುಗಳಲ್ಲಿ ಬಹುಪಾಲು ಮೇ ತಿಂಗಳಲ್ಲಿ ಫ್ರೆಂಚರ ಪಾಲಾದವು. ನವೆಂಬರಿನಲ್ಲಿ ದ್ವೀಪವೂ ಹೋಯಿತು. ಸರಕು ಕಳೆದುಕೊಂಡವರಲ್ಲಿ ಬ್ರಿಟಿಷ್ ವ್ಯಾಪಾರಿಗಳೂ ಇದ್ದರಲ್ಲ, ಅವರು ಹಾಕಿದ ಕೇಸುಗಳು ರಾಡ್ನಿ ಸಾಯುವವರೆಗೂ ಅವನ ಬೆನ್ನು ಬಿಡಲಿಲ್ಲ.