ಮುದುಕ ಟಾಮ್ ಮತ್ತು ಒಂದು ಗಾಡಿ ಮರಳು

ಕೇಳುಗರಿಗೆ ನಮಸ್ಕಾರ. ಸ್ಕಾಟ್ಲೆಂಡಿನ ಪ್ರೆಸ್ಟ್‌ವಿಕ್ ಎಂಬ ಊರಿಗೆ ಒಂದು ಸಲ ಒಂದು ಕಾಗದ ಬಂತಂತೆ. ಮೇಲೆ ಯಾರ ಹೆಸರೂ ಇಲ್ಲ. ‘ಹತ್ತಿರದ ಹೊಡೆತದಲ್ಲೇ ಗುರಿ ತಪ್ಪುವವನಿಗೆ, ಪ್ರೆಸ್ಟ್‌ವಿಕ್’ ಅಂತ ಬರೆದಿತ್ತು, ಅಷ್ಟೇ. ಅಂಚೆಯವನು ಯಾರನ್ನೂ ಕೇಳಲಿಲ್ಲ, ಸೀದಾ ಹೋಗಿ ಟಾಮ್ ಮಾರಿಸ್ ಕೈಗೆ ಕೊಟ್ಟ. ಆ ಟಾಮ್ ಗಾಲ್ಫ್ ಆಟಗಾರ, ಬ್ರಿಟನ್ನಿನ ಓಪನ್ ಎಂಬ ದೊಡ್ಡ ಗಾಲ್ಫ್ ಪಂದ್ಯವನ್ನು ನಾಲ್ಕು ಸಲ ಗೆದ್ದವನು! ಮೈಲಿ ದೂರದಿಂದ ಚೆಂಡನ್ನು ಕುಳಿಯ ಪಕ್ಕಕ್ಕೆ ತರುತ್ತಿದ್ದ, ಆಮೇಲೆ ಎರಡು ಮಾರು ದೂರದಿಂದ ಒಳಗೆ ತಳ್ಳಲಾಗದೆ ಒದ್ದಾಡುತ್ತಿದ್ದ. ನನಗೆ ಈ ಮನುಷ್ಯ ಇಷ್ಟವಾಗಿದ್ದೇ ಇದಕ್ಕೆ.

ಟಾಮ್ ಹುಟ್ಟಿದ್ದು 1821ರಲ್ಲಿ, ಸೇಂಟ್ ಆಂಡ್ರೂಸ್‌ನಲ್ಲಿ. ಅಪ್ಪ ನೇಕಾರ. ಹದಿಹರೆಯದಲ್ಲೇ ಅಲನ್ ರಾಬರ್ಟ್‌ಸನ್ ಎಂಬಾತನ ಬಳಿ ಚೆಂಡು ಮಾಡುವ ಕೆಲಸಕ್ಕೆ ಸೇರಿದ. ಆಗಿನ ಚೆಂಡು ಅಂದರೆ ಬಾತುಕೋಳಿ ಪುಕ್ಕ ತುಂಬಿದ ತೊಗಲಿನ ಉಂಡೆ. ಒದ್ದೆ ತೊಗಲನ್ನು ಹೊಲಿದು, ಒಳಗನ್ನು ಹೊರಗೆ ಮಾಡಿ, ಸಣ್ಣ ತೂತೊಂದನ್ನು ಬಿಟ್ಟುಕೊಂಡು, ಬೇಯಿಸಿದ ಪುಕ್ಕವನ್ನು ಒಂದು ಟೋಪಿ ತುಂಬುವಷ್ಟು ತೆಗೆದುಕೊಂಡು, ಎದೆಯ ಬಲ ಹಾಕಿ ಕಬ್ಬಿಣದ ಕಡ್ಡಿಯಲ್ಲಿ ತುರುಕಬೇಕು. ಒಣಗುವಾಗ ತೊಗಲು ಬಿಗಿಯುತ್ತದೆ, ಒಳಗೆ ಪುಕ್ಕ ಉಬ್ಬುತ್ತದೆ, ಚೆಂಡು ಕಲ್ಲಾಗುತ್ತದೆ. ಪಳಗಿದವನಿಗೂ ದಿನಕ್ಕೆ ಮೂರೋ ನಾಲ್ಕೋ, ಅಷ್ಟೇ. ಮಳೆಗೆ ನೆನೆದರೆ ಅದೂ ಹಾಳು.

ಆಮೇಲೆ ಬಂತು ಗಟ್ಟಾಪರ್ಚ. ಮಲಯಾ ಕಡೆಯ ಮರದ ಅಂಟು ಅದು, ಬಿಸಿನೀರಲ್ಲಿ ಮೆತ್ತಗೆ ಮಾಡಿ ಉಂಡೆ ಕಟ್ಟಿದರೆ ಚೆಂಡು ರೆಡಿ. ಪೂರ್ವದಿಂದ ಸೇಂಟ್ ಆಂಡ್ರೂಸ್‌ಗೆ ಕಳಿಸಿದ ವಿಷ್ಣುವಿನ ಮೂರ್ತಿಯೊಂದಕ್ಕೆ ಈ ಅಂಟನ್ನು ಸುತ್ತಿದ್ದರು, ಅದರಿಂದಲೇ ಮೊದಲ ಚೆಂಡು ಆಯಿತು ಅಂತ ಅಲ್ಲಿ ಒಂದು ಕಥೆ ಇದೆ. ನಿಜವೋ ಸುಳ್ಳೋ, ಕೇಳೋಕೆ ಚೆನ್ನಾಗಿದೆ ಅಲ್ವಾ? ಆದರೆ ಅಲನ್‌ಗೆ ಈ ಅಗ್ಗದ ಚೆಂಡು ಕಂಡರೆ ಆಗುತ್ತಿರಲಿಲ್ಲ, ಹೊಟ್ಟೆ ಮೇಲೆ ಹೊಡೆಯುವ ವಸ್ತು ಅದು. ಒಂದು ದಿನ ಆಟದ ನಡುವೆ ಟಾಮ್‌ನ ಚೆಂಡುಗಳೆಲ್ಲ ಮುಗಿದವು, ಜೊತೆಗಾರ ಕೊಟ್ಟ ಗಟ್ಟಾಪರ್ಚದ ಚೆಂಡಲ್ಲಿ ಆಡಿದ. ಎದುರಿನಿಂದ ಅಲನ್ ಬಂದ. ಮಾತಿಗೆ ಮಾತು ಬೆಳೆದು ಇಬ್ಬರೂ ಬೇರೆಯಾದರು. ತಮಾಷೆ ಏನು ಅಂದರೆ, ಕೊನೆಗೆ ಅಲನ್ ಕೂಡ ಅದೇ ಚೆಂಡನ್ನೇ ಮಾರಿದ.

1851ರಲ್ಲಿ ಟಾಮ್ ಪ್ರೆಸ್ಟ್‌ವಿಕ್‌ಗೆ ಹೋದ, ಅಲ್ಲಿನ 12 ಕುಳಿಯ ಮೈದಾನ ನೋಡಿಕೊಳ್ಳುವ ಕೆಲಸಕ್ಕೆ. ಮೊದಲ ಓಪನ್ ನಡೆದದ್ದು ಅಲ್ಲೇ, 1860ರ ಅಕ್ಟೋಬರ್ 17ರಂದು. ಆಡಿದವರು ಎಂಟೇ ಜನ. ಒಂದೇ ದಿನ ಮೈದಾನಕ್ಕೆ ಮೂರು ಸುತ್ತು. ಗೆದ್ದವನಿಗೆ ಕೆಂಪು ತೊಗಲಿನ ಬೆಲ್ಟು, ದುಡ್ಡಿಲ್ಲ. ವಿಲ್ಲಿ ಪಾರ್ಕ್ 174 ಹೊಡೆತದಲ್ಲೇ ಮುಗಿಸಿ ಗೆದ್ದ, ಟಾಮ್‌ಗೆ 176 ಬೇಕಾದವು. ಮರುವರ್ಷವೇ ಟಾಮ್ ಗೆದ್ದ. 1862ರಲ್ಲಂತೂ 13 ಹೊಡೆತಗಳ ಅಂತರ! 1864, 1867ರಲ್ಲೂ ಅವನೇ. ಕೊನೆಯ ಸಲ ಗೆದ್ದಾಗ ವಯಸ್ಸು 46, ಅವನಿಗಿಂತ ವಯಸ್ಸಾದವರು ಇವತ್ತಿಗೂ ಓಪನ್ ಗೆದ್ದಿಲ್ಲ.

ಮರುವರ್ಷ, 1868ರಲ್ಲಿ, ಗೆದ್ದವನು ಮಗ ಟಾಮಿ, 17ರ ಹುಡುಗ. ಮಗನ ಹೆಸರೂ ಟಾಮ್ ಆಗಿದ್ದರಿಂದ ಅಪ್ಪ ಮುದುಕ ಟಾಮ್ ಆದ. ಟಾಮಿ ಸತತ ಮೂರು ಸಲ ಗೆದ್ದು ಬೆಲ್ಟನ್ನು ಮನೆಗೇ ಒಯ್ದುಬಿಟ್ಟ. ಕೊಡಲು ಬಹುಮಾನವೇ ಇಲ್ಲದೆ 1871ರಲ್ಲಿ ಪಂದ್ಯ ನಡೆಯಲಿಲ್ಲ. 1872ರಲ್ಲಿ ಮತ್ತೆ ಅವನೇ.

ಅಷ್ಟರಲ್ಲಿ ಟಾಮ್ ಸೇಂಟ್ ಆಂಡ್ರೂಸ್‌ಗೆ ವಾಪಸ್ ಬಂದಿದ್ದ. ವರ್ಷಕ್ಕೆ 50 ಪೌಂಡ್ ಸಂಬಳ. ಕೆಲಸಕ್ಕೆ ಸೇರಿದಾಗ ಕೈಗೆ ಕೊಟ್ಟದ್ದು ಒಂದು ತಳ್ಳುಗಾಡಿ, ಗುದ್ದಲಿ, ಸಲಿಕೆ. ನಮ್ಮ ಬೆಂಗಳೂರಿನ ಗಾಲ್ಫ್ ಕ್ಲಬ್ 1876ರಲ್ಲಿ ಶುರುವಾದಾಗ ಈ ಮನುಷ್ಯ ಅಲ್ಲಿ ಅದೇ ಗುದ್ದಲಿ ಹಿಡಿದು ಓಡಾಡುತ್ತಿದ್ದ. ಪ್ರೆಸ್ಟ್‌ವಿಕ್‌ನಲ್ಲಿ ಒಂದು ಸಲ ಗಾಡಿ ಮಗುಚಿ ಕುಳಿಯ ಸುತ್ತ ಮರಳು ಚೆಲ್ಲಿತಂತೆ. ಸ್ವಲ್ಪ ದಿನಕ್ಕೆ ನೋಡಿದರೆ ಅಲ್ಲೇ ಹುಲ್ಲು ದಟ್ಟವಾಗಿ ಎದ್ದಿತ್ತು. ಆಮೇಲೆ ಸಹಾಯಕನಿಗೆ ಅವನದು ಒಂದೇ ಮಾತು: ಇನ್ನೂ ಮರಳು ಹಾಕು. ಇವತ್ತಿಗೂ ಗಾಲ್ಫ್ ಮೈದಾನದವರು ಹುಲ್ಲಿನ ಮೇಲೆ ಮರಳು ಎರಚುತ್ತಾರೆ. ನಾಲ್ಕು ಗೆಲುವಿಗಿಂತ ಇದೇ ದೊಡ್ಡದು ಅಂತ ನನ್ನ ಲೆಕ್ಕ.

1875ರ ಸೆಪ್ಟೆಂಬರ್. ಅಪ್ಪ ಮಗ ಇಬ್ಬರೂ ನಾರ್ತ್ ಬೆರಿಕ್‌ನಲ್ಲಿ ಪಾರ್ಕ್ ಸಹೋದರರ ಎದುರು ಆಡುತ್ತಿದ್ದರು. ತಂತಿ ಬಂತು. ಟಾಮಿಯ ಹೆಂಡತಿಗೆ ಹೆರಿಗೆ ಕಷ್ಟವಾಗಿದೆ, ಕೂಡಲೇ ಬನ್ನಿ ಅಂತ. ರೈಲಿನಲ್ಲಿ ಸುತ್ತಿ ಹೋದರೆ ತಡ ಅಂತ ಯಾರೋ ತಮ್ಮ ಹಾಯಿದೋಣಿ ಕೊಟ್ಟರು, ಅದರಲ್ಲೇ ಫೋರ್ತ್ ಕೊಲ್ಲಿ ದಾಟಿದರು. ಮನೆ ಮುಟ್ಟುವ ಹೊತ್ತಿಗೆ ತಾಯಿಯೂ ಇಲ್ಲ, ಮಗುವೂ ಇಲ್ಲ. ಅದೇ ವರ್ಷ ಕ್ರಿಸ್‌ಮಸ್ ಬೆಳಗ್ಗೆ ಟಾಮಿಯೂ ಹೋದ. 24 ವರ್ಷ.

ಅಪ್ಪ ಇನ್ನೂ 32 ವರ್ಷ ಬದುಕಿದ. ಬೆಳಗಾದರೆ ಸಮುದ್ರದಲ್ಲಿ ಈಜು, ಆಮೇಲೆ ಮೈದಾನ. ಭಾನುವಾರ ಮಾತ್ರ ಆಟ ಇಲ್ಲ, ಹುಲ್ಲಿಗೂ ರಜೆ ಬೇಕು. 74ರಲ್ಲೂ ಓಪನ್ ಆಡಿದ. 1908ರ ಮೇನಲ್ಲಿ ಕ್ಲಬ್ಬೊಂದರ ಮೆಟ್ಟಿಲಿಂದ ಬಿದ್ದು ತೀರಿಕೊಂಡ. ಊರಿನ ಹಳೆ ಕೆಥೆಡ್ರಲ್ ಅಂಗಳದಲ್ಲಿ, ಟಾಮಿಯ ಪಕ್ಕದಲ್ಲೇ ಮಣ್ಣು ಮಾಡಿದರು. ಅಲ್ಲಿನ ಗೋಡೆಯ ಮೇಲೆ ಟಾಮಿಯನ್ನು ಕಲ್ಲಲ್ಲಿ ಕೆತ್ತಿದ್ದಾರೆ. ತಲೆಗೆ ಟೋಪಿ, ಕೈಯಲ್ಲಿ ಕೋಲು, ಬೆನ್ನು ಸ್ವಲ್ಪ ಬಾಗಿಸಿ ನಿಂತಿದ್ದಾನೆ, ಇನ್ನೇನು ಹೊಡೆಯಬೇಕು ಅನ್ನುವ ಹಾಗೆ.